ಓದಿದವನ ಸಾಲ: ರಷ್ಯದ ಒಂದು ಪದದ ಬಗ್ಗೆ

ನಮ್ಮ ಕಡೆ 'ಬುದ್ಧಿಜೀವಿ' ಅನ್ನೋದು ಈಗ ಬೈಗುಳ. ಟೀವಿ ಚರ್ಚೆಯಲ್ಲಿ, ಚುನಾವಣೆ ಭಾಷಣದಲ್ಲಿ, ಅರಳಿಕಟ್ಟೆಯ ಹರಟೆಯಲ್ಲಿ ಯಾರ ಬಾಯನ್ನಾದರೂ ಮುಚ್ಚಿಸಬೇಕಾದರೆ ಇದೊಂದು ಪದ ಸಾಕು. ಬೈಯುವವರ ರಾಜಕೀಯ ನಮಗೆ ಗೊತ್ತಿದೆ, ಅದನ್ನು ಬಿಡೋಣ. ಆದರೆ ಆ ಪದ ಕೇಳಿದಾಗ ನಮ್ಮ ಕೇರಿಯ ಜನರೂ ಮುಖ ಆ ಕಡೆ ತಿರುಗಿಸಿ ನಗ್ತಾರಲ್ಲ, ಅದು ಯಾಕೆ? ಓದಿದವನ ಮೇಲೆ ಓದದವನಿಗೆ ಇರುವ ಅನುಮಾನ ಸುಮ್ಮನೆ ಹುಟ್ಟಿದ್ದಲ್ಲ. ಆ ಅನುಮಾನವನ್ನೂ ಅದರ ಹಿಂದಿನ ಪ್ರಶ್ನೆಯನ್ನೂ ರಷ್ಯದವರು ನೂರೈವತ್ತು ವರ್ಷದ ಹಿಂದೆಯೇ ಒಂದು ಪದದೊಳಗೆ ಗಂಟುಕಟ್ಟಿ ಇಟ್ಟರು. ಆ ಪದ 'ಇಂತೆಲಿಗೇಂತ್ಸಿಯ'. ನಾವು ಬುದ್ಧಿಜೀವಿ ವರ್ಗ ಅಂತ ಕನ್ನಡಕ್ಕೆ ತಂದುಕೊಂಡಿರುವ 'ಇಂಟೆಲಿಜೆನ್ಷಿಯಾ' ಇಂಗ್ಲಿಷಿಗೆ ಹೋದದ್ದು ರಷ್ಯನ್ನಿನಿಂದಲೇ.

ಪ್ರಶ್ನೆ ಇಷ್ಟು. ಓದಿದವನು ಓದದವರಿಗೆ ಸಾಲಗಾರನೇ? ಹೌದಾದರೆ ಯಾರು ಯಾರಿಗೆ ಎಷ್ಟು ಕೊಡಬೇಕು? ವಂಶದಲ್ಲೇ ಮೊದಲು ಡಿಗ್ರಿ ಕಂಡ ನನ್ನಂಥವನಿಗೆ ಇದು ಪುಸ್ತಕದ ಪ್ರಶ್ನೆಯಲ್ಲ. ಹಬ್ಬಕ್ಕೆ ಊರಿಗೆ ಹೋದಾಗಲೆಲ್ಲ ಯಾರಾದರೊಬ್ಬರು ಬೇರೆ ಬೇರೆ ಮಾತಿನಲ್ಲಿ ಇದನ್ನೇ ಕೇಳ್ತಾರೆ.

ಪದದ ಬೇರು ಲ್ಯಾಟಿನ್ನಿನಲ್ಲಿದೆ. 'ಇಂತೆರ್' ಅಂದರೆ ನಡುವೆ. 'ಲೆಗೆರೆ' ಅಂದರೆ ಆರಿಸು, ಆಯ್ದು ಕೂಡಿಸು. ಓದು ಅನ್ನೋ ಅರ್ಥವೂ ಅದೇ ಕ್ರಿಯಾಪದಕ್ಕೆ ಇದೆ. ಎರಡೂ ಸೇರಿದರೆ, ನಾಲ್ಕಾರರ ನಡುವಿನಿಂದ ಆರಿಸಿ ಇದು ಬೇರೆ ಅದು ಬೇರೆ ಅಂತ ತಿಳಿಯುವುದು. ನಮ್ಮವ್ವ ರೇಷನ್ ಅಕ್ಕೀನ ಮೊರಕ್ಕೆ ಹಾಕ್ಕೊಂಡು ಕಲ್ಲು ಬೇರೆ, ನೆಲ್ಲು ಬೇರೆ, ಹುಳ ಬೇರೆ ಮಾಡ್ತಾಳಲ್ಲ, ಲ್ಯಾಟಿನ್ನಿನ ಮಾತು ಆ ಕೆಲಸಕ್ಕೆ ಹತ್ತಿರ. ಸಿಸೆರೋನಂಥ ರೋಮಿನ ಪಂಡಿತರು ಅದನ್ನು ಮನಸ್ಸಿನ ತಿಳಿಯುವ ಶಕ್ತಿಗೆ ಹೆಸರಾಗಿ ಬಳಸಿದರು. ಆಗ ಅದು ಒಂದು ಗುಣದ ಹೆಸರು. ಯಾವ ಗುಂಪಿನ ಹೆಸರೂ ಅಲ್ಲ. ಗುಣದ ಹೆಸರನ್ನು ಒಂದು ಗುಂಪು ತನ್ನ ಮನೆಹೆಸರು ಮಾಡಿಕೊಂಡರೆ ಏನಾಗುತ್ತದೆ ಅನ್ನೋದನ್ನ ನಮಗೆ ಯಾರೂ ಪಾಠ ಹೇಳಬೇಕಾಗಿಲ್ಲ.

(ಇದೇ ಬೇರಿನ ಇನ್ನೊಂದು ಕೊಂಬೆ ಇಂಗ್ಲಿಷಿನಲ್ಲಿ ಬೆಳೆದು ಗುಪ್ತಚರ ಇಲಾಖೆಯಾಯಿತು. ನಮ್ಮ ಸಭೆಗಳಲ್ಲಿ ಹಿಂದಿನ ಸಾಲಿನಲ್ಲಿ ಕೂತು ಬರೆದುಕೊಳ್ಳುವ 'ಇಂಟೆಲಿಜೆನ್ಸ್‌ನೋರು' ಸಂಬಂಧದಲ್ಲಿ ನಮ್ಮ ಬುದ್ಧಿಜೀವಿಗಳ ದಾಯಾದಿಗಳೇ.)

ಗುಣದ ಹೆಸರು ಗುಂಪಿಗೆ ಅಂಟಿದ್ದು 19ನೇ ಶತಮಾನದ ಮೊದಲ ಅರ್ಧದಲ್ಲಿ. ಜರ್ಮನರು ಓದಿದ ಮಂದಿಯನ್ನೆಲ್ಲ ಒಟ್ಟಾಗಿ 'ಇಂಟೆಲಿಗೆಂಟ್ಸ್' ಅಂದರು. ಪೋಲೆಂಡಿನ ತತ್ವಜ್ಞಾನಿ ಕರೋಲ್ ಲಿಬೆಲ್ಟ್ 1844ರಲ್ಲಿ ತನ್ನ ದೇಶದ ವಿದ್ಯಾವಂತರಿಗೆ ಆ ಮಾತನ್ನು ಬಳಸಿದ. ರಷ್ಯದಲ್ಲಿ ಅದನ್ನು ಪತ್ರಿಕೆಗಳಿಗೆ ತಂದವನು ತಾನೇ, 1866ರಲ್ಲಿ, ಅಂತ ಕಾದಂಬರಿಕಾರ ಬೊಬೊರೀಕಿನ್ ಹೇಳಿಕೊಳ್ಳುತ್ತಿದ್ದ. ಆದರೆ ಅದಕ್ಕಿಂತ ಮೂವತ್ತು ವರ್ಷ ಮೊದಲೇ ಕವಿ ಜುಕೋವ್ಸ್ಕಿ ತನ್ನ ದಿನಚರಿಯಲ್ಲಿ ಈ ಪದ ಬರೆದಿದ್ದ. ಅವನು ಅದನ್ನು ಬರೆದ ಸಂದರ್ಭವನ್ನು ಸ್ವಲ್ಪ ನಿಂತು ನೋಡಬೇಕು.

1836ರ ಫೆಬ್ರವರಿ. ಪೀಟರ್ಸ್‌ಬರ್ಗ್ ನಗರದ ಅಡ್ಮಿರಾಲ್ಟಿ ಬಯಲಿನಲ್ಲಿ ಹಬ್ಬದ ಜಾತ್ರೆ. ಅಲ್ಲಿ ಲೇಮನ್ ಅನ್ನುವವನ ಮರದ ಆಟದ ಡೇರೆಗೆ ಬೆಂಕಿ ಬಿತ್ತು. ಆಟ ನೋಡಲು ಕಾಸು ಕೊಟ್ಟು ಒಳಗೆ ಕೂತಿದ್ದ ನೂರಕ್ಕೂ ಹೆಚ್ಚು ಮಂದಿ ಬೆಂದುಹೋದರು. ಅದೇ ರಾತ್ರಿ ಅದೇ ಊರಿನ ಶ್ರೀಮಂತ ಮನೆತನದವರು ಬೆಳಗಿನ ಜಾವದವರೆಗೆ ನೃತ್ಯ ಮಾಡಿದರು. ಜುಕೋವ್ಸ್ಕಿ ಇವೆರಡನ್ನೂ ಒಟ್ಟಿಗೆ ಬರೆದು, ಹೀಗೆ ಕುಣಿದವರೇ ನಮ್ಮಲ್ಲಿ ಯುರೋಪಿಯನ್ ಶೈಲಿಯ ಇಡೀ ರಷ್ಯನ್ 'ಇಂತೆಲಿಗೇಂತ್ಸಿಯ'ದ ಪ್ರತಿನಿಧಿಗಳು ಅನ್ನೋ ಅರ್ಥದ ಮಾತು ಸೇರಿಸಿದ. ಪದ ರಷ್ಯನ್ ಭಾಷೆಗೆ ಕಾಲಿಡುವಾಗಲೇ ಅದರ ಮೈಗೆ ಸುಟ್ಟ ವಾಸನೆ ಅಂಟಿತ್ತು.

ಬರೆದವನ ಹುಟ್ಟೂ ಹಾಗೆಯೇ. ಜುಕೋವ್ಸ್ಕಿಯ ಅಪ್ಪ ಬೂನಿನ್ ಅನ್ನುವ ಜಮೀನುದಾರ. ತಾಯಿ ಸಾಲ್ಹಾ, ಯುದ್ಧದಲ್ಲಿ ಸೆರೆ ಸಿಕ್ಕ ತುರ್ಕಿ ಹೆಣ್ಣು. ಮದುವೆಯಾಗದ ಆ ತಾಯಿಯ ಮಗನಿಗೆ ಅಪ್ಪನ ಹೆಸರು ಸಿಗಲಿಲ್ಲ. ಆ ಮನೆಯಲ್ಲಿ ಆಸರೆ ಪಡೆದಿದ್ದ ಬಡ ಕುಲೀನನೊಬ್ಬ ದತ್ತು ತೆಗೆದುಕೊಂಡ ಲೆಕ್ಕದಲ್ಲಿ ಅವನ ಹೆಸರು ಬಂತು. ಮುಂದೆ ಈತ ಅರಮನೆ ಸೇರಿ ಯುವರಾಜನಿಗೆ ಗುರುವಾದ. ನೃತ್ಯದ ಮನೆಗೂ ಬೆಂದ ಡೇರೆಗೂ ನಡುವೆ ನಿಲ್ಲಬಲ್ಲವನಿಗೇ ಆ ಪದ ಬೇಕಾಯಿತು ಅನ್ನಿಸುತ್ತದೆ ನನಗೆ.

ಆ ಕಾಲದ ರಷ್ಯದಲ್ಲಿ ರೈತ ಅಂದರೆ ಬಹುಪಾಲು ಜೀತದವನು. ಜಮೀನಿನ ಜೊತೆ ಅವನೂ ಒಡೆಯನ ಸೊತ್ತು. ಒಡೆಯನ ಆಸ್ತಿಯನ್ನು ಎಷ್ಟು 'ಆತ್ಮ'ಗಳಿವೆ ಅಂತ ಎಣಿಸುತ್ತಿದ್ದರು. ಜೀತ ರದ್ದಾದದ್ದು 1861ರಲ್ಲಿ. ಆಮೇಲೂ ತಾವು ಉಳುತ್ತಿದ್ದ ನೆಲಕ್ಕೆ ರೈತರು ದಶಕಗಳ ಕಾಲ ಕಂತು ಕಟ್ಟಬೇಕಾಯಿತು. ಈ ಹೊತ್ತಿನಲ್ಲಿ ಎದ್ದು ಬಂದವನು ಪ್ಯೋತರ್ ಲಾವ್ರೋವ್. ಫಿರಂಗಿ ದಳದ ಕರ್ನಲ್, ಗಣಿತದ ಮೇಷ್ಟರು. ಸರ್ಕಾರ ಅವನನ್ನು ವೊಲೊಗ್ದಾ ಪ್ರಾಂತ್ಯಕ್ಕೆ ಗಡೀಪಾರು ಮಾಡಿತ್ತು. ಅಲ್ಲಿಂದ 1868-69ರಲ್ಲಿ ಕಳ್ಳ ಹೆಸರಿನಲ್ಲಿ 'ಐತಿಹಾಸಿಕ ಪತ್ರಗಳು' ಬರೆದ. ಅವನ ವಾದ ತೀರಾ ಸರಳ. ಕೆಲವರು ಕೂತು ಯೋಚನೆ ಮಾಡಲು ಬಿಡುವು ಸಿಗಬೇಕಾದರೆ ಲಕ್ಷಾಂತರ ಜನ ತಲೆಮಾರುಗಟ್ಟಲೆ ದುಡಿದು ಸಾಯಬೇಕಾಯಿತು. ನನ್ನ ತಲೆಯೊಳಗಿನ ಒಂದೊಂದು ವಿಚಾರಕ್ಕೂ ಯಾರೋ ಬೆಲೆ ತೆತ್ತಿದ್ದಾರೆ. ಸತ್ತವರಿಗೆ ಆ ಸಾಲ ತೀರಿಸಲಾಗದು. ಅವರ ಮಕ್ಕಳ ಪಾಲಿನ ಕೇಡನ್ನು ಕಡಿಮೆ ಮಾಡಿದರೆ ಮಾತ್ರ ಅಷ್ಟಿಷ್ಟು ತೀರೀತು.

ಲಾವ್ರೋವ್ ಹೇಳಿದ ಮೇಲೆ 'ಇಂತೆಲಿಗೇಂತ್ಸಿಯ' ಅಂದರೆ ಬರೀ ಓದಿದವರಲ್ಲ, ಸಾಲ ಒಪ್ಪಿಕೊಂಡವರು ಅಂತಾಯಿತು. 1874ರ ಬೇಸಿಗೆಯಲ್ಲಿ ಸಾವಿರಾರು ಹುಡುಗ ಹುಡುಗಿಯರು ಕಾಲೇಜು ಬಿಟ್ಟು, ರೈತರ ಉಡುಪು ತೊಟ್ಟು, ಚಮ್ಮಾರಿಕೆ, ಬಡಗಿ ಕೆಲಸ ಕಲಿತು ಹಳ್ಳಿಗಳಿಗೆ ನುಗ್ಗಿದರು. 'ಜನರ ಬಳಿಗೆ' ಅನ್ನೋದು ಅದರ ಹೆಸರು. ಅವರ ಪ್ರಾಮಾಣಿಕತೆಯನ್ನು ನಾನು ಶಂಕಿಸುವುದಿಲ್ಲ. ಆದರೆ ರೈತರು ಅವರನ್ನು ನಂಬಲಿಲ್ಲ. ಮೆತ್ತನೆ ಕೈಯ ಚಮ್ಮಾರನನ್ನು ಯಾರು ನಂಬುತ್ತಾರೆ? ಕೆಲವು ಕಡೆ ರೈತರೇ ಹಿಡಿದು ಪೊಲೀಸರಿಗೆ ಕೊಟ್ಟರು. 193 ಮಂದಿಯ ಮೇಲೆ ನಡೆದ ದೊಡ್ಡ ವಿಚಾರಣೆ 1878ರ ತನಕ ಎಳೆಯಿತು.

ನಾನು ಇಲ್ಲಿ ನಿಲ್ಲುತ್ತೇನೆ. ಯಾಕೆಂದರೆ 'ಜನರ ಬಳಿಗೆ' ಹೋಗಬೇಕಾದರೆ ಮೊದಲು ಜನರಿಂದ ದೂರ ಇರಬೇಕು. ದೂರ ಇರದವನು ಎಲ್ಲಿಗೆ ಹೋಗೋದು?

ಆ ಕಾಲದ ರಷ್ಯದಲ್ಲೂ ಅಂಥವರಿದ್ದರು. ಅವರನ್ನು 'ರಜ್ನೊಚಿಂತ್ಸಿ' ಅಂತಿದ್ದರು, ನಾನಾ ದರ್ಜೆಯವರು ಅಂತ ಅರ್ಥ. ಕುಲೀನರಲ್ಲದ, ಆದರೆ ಹೇಗೋ ಓದಿಬಿಟ್ಟ ಮಂದಿ. ಹಳ್ಳಿ ಪಾದ್ರಿಗಳ ಮಕ್ಕಳು, ಸಣ್ಣ ಗುಮಾಸ್ತರ ಮಕ್ಕಳು, ವ್ಯಾಪಾರಿಗಳ ಮಕ್ಕಳು. ಚೆರ್ನಿಶೆವ್ಸ್ಕಿ, ದೊಬ್ರೊಲ್ಯೂಬೊವ್ ಇಬ್ಬರೂ ಪಾದ್ರಿಯ ಮಕ್ಕಳು. ವಿಮರ್ಶಕ ಮಿಖೈಲೋವ್ಸ್ಕಿ ಈ ಎರಡು ಬಗೆಯ ಓದಿದವರನ್ನು ಬೇರೆ ಮಾಡಿ ತೋರಿಸಿದ. ನನ್ನ ಮಟ್ಟಿಗೆ ಈ ಇಡೀ ಚರಿತ್ರೆಯಲ್ಲಿ ಅದಕ್ಕಿಂತ ಬೆಲೆಯುಳ್ಳ ಮಾತಿಲ್ಲ. ಒಬ್ಬ 'ಪಶ್ಚಾತ್ತಾಪಪಡುವ ಕುಲೀನ'. ಅವನನ್ನು ನಡೆಸುವುದು ಮನಸ್ಸಾಕ್ಷಿ. ನನಗೆ ಸಲ್ಲಬೇಕಾದ್ದಕ್ಕಿಂತ ಹೆಚ್ಚು ತಿಂದಿದ್ದೇನೆ, ಕಡಿಮೆ ಮಾಡಿಕೊಳ್ಳಬೇಕು ಅನ್ನುತ್ತದೆ ಅದು. ಇನ್ನೊಬ್ಬ ಕೆಳಗಿನಿಂದ ಬಂದವನು. ಅವನನ್ನು ನಡೆಸುವುದು ಮಾನ. ನನಗೆ ಸಲ್ಲಬೇಕಾದ್ದನ್ನು ಕಿತ್ತುಕೊಂಡಿದ್ದಾರೆ, ಅದು ವಾಪಸು ಬರಬೇಕು ಅನ್ನುತ್ತದೆ ಇದು. ಒಂದೇ ಪದದ ಕೆಳಗೆ ಎರಡು ಲೆಕ್ಕದ ಪುಸ್ತಕ. ಒಂದರಲ್ಲಿ ಅವನು ಕೊಡಬೇಕಾದವನು, ಇನ್ನೊಂದರಲ್ಲಿ ಇವನು ಪಡೆಯಬೇಕಾದವನು.

ಇದು ಗೊತ್ತಿಲ್ಲದಿದ್ದರೆ ದೊಡ್ಡ ಮೋಸ ನಡೆಯುತ್ತದೆ. ಕುಲೀನನ ಪಶ್ಚಾತ್ತಾಪವನ್ನು ತಂದು ಕೆಳಗಿನಿಂದ ಬಂದವನ ತಲೆಗೆ ಕಟ್ಟುವ ಮೋಸ. ನಿನಗೆ ಸರ್ಕಾರ ಸೀಟು ಕೊಟ್ಟಿತು, ಹಾಸ್ಟೆಲ್ ಕೊಟ್ಟಿತು, ಈಗ ಹಳ್ಳಿಗೆ ಹೋಗಿ ಸೇವೆ ಮಾಡು ಅಂತ ನಮಗೆ ಹೇಳುವವರನ್ನು ನೋಡಿದ್ದೇನೆ. ಹೇಳುವವರ ಮಕ್ಕಳು ಅಮೆರಿಕದಲ್ಲಿ ಇರ್ತಾರೆ, ಅವರನ್ನು ಯಾವ ಸೇವೆಗೂ ಯಾರೂ ಕರೆಯೋದಿಲ್ಲ. ತಲೆಮಾರುಗಟ್ಟಲೆ ಅಗ್ರಹಾರದ ನೆರಳಲ್ಲಿ ಓದಿದವರ ಸಾಲವನ್ನು ಮೊನ್ನೆ ಸ್ಲೇಟು ಹಿಡಿದವನು ತೀರಿಸಬೇಕೇ?

ಇದೇ ಲೆಕ್ಕವನ್ನು ಚೆಕಾವ್ ತನ್ನ ಮೈಮೇಲೆಯೇ ಮಾಡಿಕೊಂಡ. ಅವನ ತಾತ ಜೀತದ ರೈತ, ಕೂಡಿಟ್ಟ ಹಣ ತೆತ್ತು 1841ರಲ್ಲಿ ತನ್ನ ಕುಟುಂಬವನ್ನು ಬಿಡಿಸಿಕೊಂಡವನು. 1889ರ ಜನವರಿಯಲ್ಲಿ ಚೆಕಾವ್ ತನ್ನ ಪ್ರಕಾಶಕ ಸುವೋರಿನ್‌ಗೆ ಕಾಗದ ಬರೆದು, ಕುಲೀನ ಲೇಖಕರಿಗೆ ಹುಟ್ಟಿನಿಂದ ಪುಕ್ಕಟೆ ಸಿಗುವುದನ್ನು ನಮ್ಮಂಥವರು ಯೌವನವನ್ನೇ ಬೆಲೆ ಕೊಟ್ಟು ಕೊಳ್ಳುತ್ತೇವೆ ಅಂದ. ಮುಂದುವರಿದು ಒಂದು ಕಥೆಯ ವಸ್ತು ಸೂಚಿಸಿದ. ಜೀತದವನ ಮಗನೊಬ್ಬ, ದೊಡ್ಡವರ ಮುಂದೆ ಬಗ್ಗಿ, ಪಾದ್ರಿಯ ಕೈಗೆ ಮುತ್ತಿಟ್ಟು, ಪ್ರತಿ ತುತ್ತಿಗೂ ಕೃತಜ್ಞತೆ ಹೇಳಿ ಬೆಳೆದವನು, ತನ್ನೊಳಗಿನ ಗುಲಾಮನನ್ನು ಹನಿಹನಿಯಾಗಿ ಹಿಂಡಿ ಹೊರಹಾಕಿ ಒಂದು ಬೆಳಿಗ್ಗೆ ಮನುಷ್ಯನ ರಕ್ತ ಹರಿಯುವುದನ್ನು ಕಾಣುವ ಕಥೆ. ತನ್ನದೇ ಕಥೆ ಅಂತ ಅವನು ಬರೆಯಲಿಲ್ಲ, ಬರೆಯುವ ಅಗತ್ಯವೂ ಇರಲಿಲ್ಲ. ಇದೇ ಚೆಕಾವ್ ಡಾಕ್ಟರಾಗಿ ಕಾಲರಾ ಕಾಲದಲ್ಲಿ ಹಳ್ಳಿಗಳಲ್ಲಿ ತಿರುಗಿದ, ಮೇಲಿಖೊವೊ ಸುತ್ತ ಶಾಲೆ ಕಟ್ಟಿಸಿದ. ಮಾನದ ಲೆಕ್ಕದವನು ಕೈಕಟ್ಟಿ ಕೂರುತ್ತಾನೆ ಅಂತ ಯಾರೂ ತಿಳಿಯಬಾರದು. ಅವನು ಪಶ್ಚಾತ್ತಾಪದಿಂದ ಮಾಡೋದಿಲ್ಲ, ಅಷ್ಟೇ.

ಉಳ್ಳವರಿಗೆ ಈ ಎರಡನೇ ಬಗೆಯವರ ಭಯ ಚೆನ್ನಾಗಿಯೇ ಇತ್ತು. 1887ರ ಜೂನಿನಲ್ಲಿ ಶಿಕ್ಷಣ ಮಂತ್ರಿ ದೆಲ್ಯಾನೊವ್ ಒಂದು ಸುತ್ತೋಲೆ ಹೊರಡಿಸಿದ. ಗಾಡಿ ಹೊಡೆಯುವವರ, ಆಳುಗಳ, ಅಡುಗೆಯವರ, ಬಟ್ಟೆ ಒಗೆಯುವವರ, ಸಣ್ಣ ಅಂಗಡಿಯವರ ಮಕ್ಕಳನ್ನು ಪ್ರೌಢಶಾಲೆಗೆ ಸೇರಿಸಿಕೊಳ್ಳಬಾರದು. ತೀರಾ ಅಸಾಮಾನ್ಯ ಬುದ್ಧಿಯ ಮಗುವಾದರೆ ನೋಡಬಹುದು. ಜನ ಅದಕ್ಕೆ 'ಅಡುಗೆಯವಳ ಮಕ್ಕಳ ಸುತ್ತೋಲೆ' ಅಂತ ಹೆಸರಿಟ್ಟರು. ಹತ್ತು ವರ್ಷದ ಮೇಲೆ ನಡೆದ 1897ರ ಜನಗಣತಿಯಲ್ಲಿ ಆ ಸಾಮ್ರಾಜ್ಯದ ಓದು ಬಲ್ಲವರು ನೂರಕ್ಕೆ 21. ಮನು ಸಂಸ್ಕೃತದಲ್ಲೇ ಬರೆಯಬೇಕು ಅಂತೇನಿಲ್ಲ, ರಷ್ಯನ್ನಿನಲ್ಲೂ ಬರೆಯುತ್ತಾನೆ.

ಹಾಗಂತ ಕೆಳಗಿನಿಂದ ಬಂದ ಮಾತ್ರಕ್ಕೆ ನಾವು ಪವಿತ್ರರೇ? ಇದಕ್ಕೆ ಕಹಿ ಉತ್ತರ ಕೊಟ್ಟವನು ಮಖಾಯ್ಸ್ಕಿ. ಪೋಲಿಷ್ ಕ್ರಾಂತಿಕಾರಿ, ಸೈಬೀರಿಯಾದ ಗಡೀಪಾರಿನಲ್ಲಿ ಕೂತು 'ಬುದ್ಧಿಯ ಕೆಲಸಗಾರ' ಅನ್ನುವ ಪುಸ್ತಕ ಬರೆದ. ಓದೂ ಒಂದು ಬಂಡವಾಳ, ಇಂತೆಲಿಗೇಂತ್ಸಿಯವೂ ಕೂಲಿಯವನ ದುಡಿಮೆಯ ಮೇಲೆ ಬದುಕುವ ವರ್ಗ, ತನ್ನ ಓದನ್ನು ಆಸ್ತಿಯ ಹಾಗೆ ಮಕ್ಕಳಿಗೆ ಬಿಟ್ಟುಹೋಗುತ್ತದೆ ಅಂದ. ಮಾರ್ಕ್ಸ್‌ವಾದಿಗಳು ಅವನನ್ನು ಬೈದರು. ಆದರೆ ನೌಕರಿ ಸಿಕ್ಕ ಮೇಲೆ ಸಿಟಿಯಲ್ಲಿ ಸೈಟು ಕೊಂಡು, ಮಕ್ಕಳನ್ನು ಕಾನ್ವೆಂಟಿಗೆ ಹಾಕಿ, ಊರಿನ ಹೆಸರು ಕೇಳಿದರೆ ತಾಲ್ಲೂಕಿನ ಹೆಸರು ಹೇಳುವ ನಮ್ಮವರನ್ನು ಕಂಡಾಗಲೆಲ್ಲ ಮಖಾಯ್ಸ್ಕಿ ನೆನಪಾಗುತ್ತಾನೆ. ಕೇರಿಯ ಹೆಸರು ಹೇಳಿದರೆ ಬಾಡಿಗೆ ಮನೆ ಸಿಗದ ಊರಿನಲ್ಲಿ ಅದನ್ನು ಬರೀ ಹೇಡಿತನ ಅಂತ ಕರೆಯಲೂ ನನಗೆ ಮನಸ್ಸು ಬರೋದಿಲ್ಲ.

1905ರ ಕ್ರಾಂತಿ ಸೋತ ಮೇಲೆ, 1909ರಲ್ಲಿ, ಏಳು ಮಂದಿ ಪಂಡಿತರು 'ವೇಖಿ' ಅನ್ನೋ ಪುಸ್ತಕ ತಂದು ಇಂತೆಲಿಗೇಂತ್ಸಿಯವನ್ನು ಚೆನ್ನಾಗಿ ಬೈದರು. ಅವರಲ್ಲೊಬ್ಬನಾದ ಗೆರ್ಶೆನ್ಜೋನ್ ಒಂದು ಕಡೆ ನಿಜ ಕಕ್ಕಿಬಿಟ್ಟ. ಜನರ ಸಿಟ್ಟಿನಿಂದ ನಮ್ಮನ್ನು ಕಾಪಾಡುತ್ತಿರುವುದು ಸರ್ಕಾರದ ಬಂದೂಕಿನ ಬಾಯ್ನೆಟ್ಟು, ಅದನ್ನು ನಾವು ಹರಸಬೇಕು ಅಂದ. ಸಾಲ ಒಪ್ಪಿಕೊಂಡವರು ಸಾಲಕೊಟ್ಟವನ ಮುಖ ಕಂಡು ನಡುಗಿದ ಗಳಿಗೆ ಅದು.

1917ರ ನಂತರ ಪದಕ್ಕೆ ಹೊಸ ಪಾಡು. ಬಂಧನಕ್ಕೊಳಗಾದ ವಿದ್ವಾಂಸರ ಪರವಾಗಿ ಗೋರ್ಕಿ ವಾದಿಸಿದಾಗ ಲೆನಿನ್ ಸಿಟ್ಟಾದ. ನಿರಂಜನರು ಕನ್ನಡಿಸಿದ 'ತಾಯಿ'ಯನ್ನು ಬರೆದ ಗೋರ್ಕಿಯೇ ಅವನು. ಬಂಡವಾಳದ ಬಾಲಬಡುಕ ಬುದ್ಧಿಜೀವಿಗಳು ತಾವು ದೇಶದ ಮೆದುಳು ಅಂದುಕೊಂಡಿದ್ದಾರೆ, ಅವರು ಮೆದುಳಲ್ಲ ಹೇಲು ಅನ್ನೋ ಅರ್ಥದಲ್ಲಿ 1919ರ ಸೆಪ್ಟೆಂಬರಿನಲ್ಲಿ ಲೆನಿನ್ ಉತ್ತರ ಬರೆದ. 1922ರಲ್ಲಿ ಬೆರ್ದ್ಯಾಯೆವ್ ಮೊದಲಾದ ಚಿಂತಕರನ್ನು ಹಡಗು ಹತ್ತಿಸಿ ಜರ್ಮನಿಗೆ ಕಳಿಸಿದರು. ಅದೇ ಹೊತ್ತಿಗೆ ಇನ್ನೊಂದು ಬಾಗಿಲು ತೆರೆದಿತ್ತು. 1919ರಿಂದ ಕಾರ್ಮಿಕರನ್ನೂ ರೈತರನ್ನೂ ವಿಶ್ವವಿದ್ಯಾಲಯಕ್ಕೆ ಸಜ್ಜು ಮಾಡುವ 'ರಬ್‌ಫಾಕ್' ತರಗತಿಗಳು ಶುರುವಾದವು. ಅಡುಗೆಯವಳ ಮಕ್ಕಳು ಎಂಜಿನಿಯರಾದರು, ಡಾಕ್ಟರಾದರು. ಹಡಗಿನ ಕಥೆ ಹೇಳುವ ಎಷ್ಟೋ ಮಂದಿ ಈ ಬಾಗಿಲಿನ ಕಥೆ ಹೇಳೋದಿಲ್ಲ. ಬಾಗಿಲಿನ ಕಥೆ ಹೇಳುವವರು ಹಡಗನ್ನು ಮುಚ್ಚಿಡುತ್ತಾರೆ. ಎರಡೂ ನಡೆದದ್ದೇ.

1936ರಲ್ಲಿ ಹೊಸ ಸಂವಿಧಾನದ ಬಗ್ಗೆ ಮಾತಾಡಿದ ಸ್ಟಾಲಿನ್, ಸೋವಿಯತ್ ಇಂತೆಲಿಗೇಂತ್ಸಿಯದಲ್ಲಿ ನೂರಕ್ಕೆ 80-90 ಮಂದಿ ದುಡಿಯುವ ಜನರ ಒಳಗಿನಿಂದ ಬಂದವರು ಅಂತ ಹೆಮ್ಮೆಪಟ್ಟ. ಕಾರ್ಮಿಕರು, ರೈತರು ಎರಡು ವರ್ಗ, ಓದಿದವರು ನಡುವಿನ ಒಂದು ತೆಳು ಪದರ. ಹಾಗೆ ಪದ ಸರ್ಕಾರಿ ಕಡತದ ಒಂದು ಕಾಲಂ ಆಯಿತು. ತಾಂತ್ರಿಕ, ಸೃಜನಶೀಲ, ಗ್ರಾಮೀಣ ಅಂತ ಅದರಲ್ಲೇ ಒಳಪಂಗಡ. ಗ್ರಾಮೀಣ ಅಂದರೆ ಹಳ್ಳಿಯ ಮೇಷ್ಟರು, ಡಾಕ್ಟರು, ಬೇಸಾಯದ ಅಧಿಕಾರಿ. ಕಾಲಂ ತುಂಬಿದವನಿಗೆ ಯಾರ ಸಾಲವೂ ಇಲ್ಲ. ಸಾಲ ಕೊಟ್ಟದ್ದು ಪಕ್ಷ ಅಂತ ಬರೆದಾಗಿತ್ತು, ಅದು ಬಡ್ಡಿ ಸಮೇತ ವಸೂಲಿ ಮಾಡಿತು. 1937ರ ವರ್ಷದಲ್ಲಿ ಹೆಮ್ಮೆಯ ಆ ಮಕ್ಕಳಲ್ಲೂ ಎಷ್ಟೋ ಮಂದಿ ಗುಂಡಿಗೆ ಬಲಿಯಾದರು. ಕಡತದ ಹೊರಗೆ, ಟ್ರಾಮಿನ ನೂಕುನುಗ್ಗಲಿನಲ್ಲಿ ಜನ ಒಬ್ಬರಿಗೊಬ್ಬರು 'ಹ್ಯಾಟ್ ಬೇರೆ ಹಾಕಿದ್ದಾನೆ!' ಅಂತ ಬೈದುಕೊಳ್ಳುತ್ತಲೇ ಇದ್ದರು. ನಮ್ಮೂರಲ್ಲಿ ಅದು ಪ್ಯಾಂಟು.

ಇದರ ನಡುವೆಯೇ ಮಾತಿನಲ್ಲಿ ಇನ್ನೊಂದು ಅರ್ಥ ಬೆಳೆಯಿತು. 'ಇಂತೆಲಿಗೇಂತ್ನಿ' ಅನ್ನೋ ವಿಶೇಷಣ. ಸಭ್ಯ, ಇನ್ನೊಬ್ಬರ ನೋವು ತಿಳಿಯಬಲ್ಲ ಮನುಷ್ಯ ಅಂತ. ಸೊಲೊವ್ಕಿ ಸೆರೆಶಿಬಿರದಲ್ಲಿ ಬಾಳಿ ಬಂದ ವಿದ್ವಾಂಸ ಲಿಖಚೋವ್, ರಷ್ಯದ ಉತ್ತರ ಭಾಗದ ಹಳ್ಳಿಗಳಲ್ಲಿ ನಿಜವಾಗಿ ಇಂತೆಲಿಗೇಂತ್ನಿ ಆದ ರೈತರನ್ನು ಕಂಡಿದ್ದೇನೆ ಅಂದ. ಓದನ್ನೆಲ್ಲ ಕಿತ್ತುಕೊಂಡರೂ ಉಳಿಯುವ ಗುಣ ಅದು ಅಂತ ಅವನ ವಿಚಾರ. ಪದ ಹೀಗೆ ಗುಂಪಿನಿಂದ ಮತ್ತೆ ಗುಣಕ್ಕೆ, ಮೊರದ ಬಳಿಗೆ, ಬಂದದ್ದು ನನಗೆ ಖುಷಿಯೇ. ಒಂದು ಅನುಮಾನ ಮಾತ್ರ ಉಳಿಯುತ್ತದೆ. ಒಳ್ಳೆಯ ರೈತನನ್ನು ನಮ್ಮ ಪದದಿಂದ ಸನ್ಮಾನ ಮಾಡಿ ಕಳಿಸಿದರೆ ಅವನ ಮಗನ ಶಾಲೆಯ ಮಾತು ಅಲ್ಲಿಗೇ ಮುಗಿದುಹೋಗಬಹುದು. ಹೊಗಳಿಕೆ ಅಗ್ಗ.

ಅಂಬೇಡ್ಕರ್ 1936ರಲ್ಲಿ 'ಜಾತಿ ವಿನಾಶ' ಬರೆದಾಗ ಈ ಗಂಟನ್ನು ಬೇರೆ ಕಡೆಯಿಂದ ಹಿಡಿದಿದ್ದರು. ಒಂದು ದೇಶದ ಹಣೆಬರಹ ಅದರ ಬುದ್ಧಿಜೀವಿ ವರ್ಗದ ಕೈಯಲ್ಲಿರುತ್ತದೆ, ಬುದ್ಧಿ ಇದ್ದ ಮಾತ್ರಕ್ಕೆ ಒಳ್ಳೆಯತನ ಇರಬೇಕಾಗಿಲ್ಲ, ಭಾರತದಲ್ಲಿ ಆ ವರ್ಗ ಅನ್ನೋದು ಒಂದು ಜಾತಿಯ ಇನ್ನೊಂದು ಹೆಸರು ಅಂದರು. ರಷ್ಯದವರಿಗೆ ಇಲ್ಲದ ತೊಡಕು ಇದು. ಅಲ್ಲಿ ಕುಲೀನ ಪಶ್ಚಾತ್ತಾಪವಾದರೂ ಪಟ್ಟ. ಇಲ್ಲಿ ಲಾವ್ರೋವ್‌ಗಳು ಎಷ್ಟು ಮಂದಿ ಹುಟ್ಟಿದರು, ಎಣಿಸಿ ನೋಡಿ.

ಜುಕೋವ್ಸ್ಕಿಯ ವಿಷಯ ಒಂದು ಬಾಕಿ ಇದೆ. ದಿನಚರಿಯಲ್ಲಿ ಆ ಪದ ಬರೆದ ಎರಡು ವರ್ಷದ ಮೇಲೆ, 1838ರಲ್ಲಿ, ಚಿತ್ರಕಾರ ಬ್ರ್ಯುಲ್ಲೊವ್ ಬರೆದ ಅವನದೇ ಭಾವಚಿತ್ರವನ್ನು ಅರಮನೆಯಲ್ಲಿ ಲಾಟರಿಗೆ ಇಟ್ಟರು. ನೃತ್ಯದ ಮನೆಗಳ ಮಂದಿಯೇ ಟಿಕೆಟ್ ಕೊಂಡರು. ಬಂದ 2500 ರೂಬಲ್ ಕೊಟ್ಟು ಎಂಗೆಲ್‌ಹಾರ್ಟ್ ಅನ್ನೋ ಜಮೀನುದಾರನಿಂದ ಒಬ್ಬ ಜೀತದ ಹುಡುಗನನ್ನು ಬಿಡಿಸಿದರು. ಅವನೇ ಉಕ್ರೇನಿನ ಕವಿ ತರಾಸ್ ಶೆವ್ಚೆಂಕೊ, ಆಗ 24 ವರ್ಷ. ಕವಿ ಬಿಡುಗಡೆಯಾದ, ಅವನ ಒಡಹುಟ್ಟಿದವರು ಜೀತದಲ್ಲೇ ಉಳಿದರು. ಕುಲೀನನ ಸಾಲ 'ಜನ' ಅನ್ನುವ ಮುಖವಿಲ್ಲದ ಒಂದು ರಾಶಿಗೆ. ಶೆವ್ಚೆಂಕೊನ ಸಾಲಕ್ಕೆ ಹೆಸರಿತ್ತು: ಮಿಕಿತ, ಯೋಸಿಪ್, ಇರೀನ. 1847ರಲ್ಲಿ ಅವನನ್ನು ಹಿಡಿದು ಸಿಪಾಯಿ ಮಾಡಿ ದೂರ ಕಳಿಸಿದಾಗ ಬರೆಯುವುದನ್ನೂ ಚಿತ್ರ ಬಿಡಿಸುವುದನ್ನೂ ಚಕ್ರವರ್ತಿಯೇ ನಿಷೇಧಿಸಿದ. ಹತ್ತು ವರ್ಷ ಹಾಗೆ ಕಳೆದು, 1859ರಲ್ಲಿ ಊರಿಗೆ ಹೋದರೆ ಅಣ್ಣ, ತಮ್ಮ, ತಂಗಿ ಇನ್ನೂ ಒಡೆಯನ ಗದ್ದೆಯಲ್ಲೇ ಇದ್ದರು. ಪೀಟರ್ಸ್‌ಬರ್ಗಿಗೆ ಮರಳಿ ಅವರನ್ನು ಬಿಡಿಸಲು ಕಂಡಕಂಡವರ ಕೈಕಾಲು ಹಿಡಿದ. ಜಮೀನು ಇಲ್ಲದೆ ಬೇಕಾದರೆ ಬಿಡುತ್ತೇನೆ ಅಂದ ಒಡೆಯ. ಹಾಗೆ ಒಪ್ಪಬೇಡಿ ಅಂತ ಶೆವ್ಚೆಂಕೊ ಕಾಗದ ಬರೆದ. ಅವರು ಕಾಯಲಿಲ್ಲ. 1860ರಲ್ಲಿ ಒಪ್ಪಿ, ಬರಿಗೈಯಲ್ಲಿ ಹೊರಗೆ ಬಂದರು. ಕವಿ 1861ರ ಮಾರ್ಚ್ 10ರಂದು ಸತ್ತ. ಜೀತ ರದ್ದತಿಯ ಆಜ್ಞೆಗೆ ಒಂದು ವಾರ ಮೊದಲೇ ಸಹಿ ಬಿದ್ದಿತ್ತು, ಊರೂರಿಗೆ ಅದನ್ನು ಇನ್ನೂ ಓದಿ ಹೇಳಿರಲಿಲ್ಲ.